ಗಿಟಾರಿನೊಡನೆ ಗುಡುಗುಡಿ

ಕಾವೇರಿಯು ಕೊಡಗನ್ನು ಬೀಳ್ಕೊಳ್ಳುವ ಶಿರಂಗಾಲದಂತಹ ಗಡಿಯೂರಿನಲ್ಲಿ, ಹೊಳೆಯಾಚೆಯ ಪಿರಿಯಾಪಟ್ಟಣದ ಸೀಮೆಯ ಬ್ಯಾರನ್‌ಗಳಿಗೆ ಬೆಂಕಿ ಬಿದ್ದು ಬೇಯುವ ಹೊಗೆಸೊಪ್ಪಿನ ಕಮಟು ಗಾಳಿಯನ್ನೆಲ್ಲ ತುಂಬಿಕೊಂಡಿರುವ ದಿನಗಳಲ್ಲಿ, ಶಿಶುನಾಳ ಶರೀಫರ ‘ಗುಡುಗುಡಿಯ ಸೇದಿ ನೋಡೋ’ ಎಂಬ ಪದವನ್ನು ಕೇಳುವವನಿಗೆ ಚಿಲುಮೆಯೂ ಸಂಚಿಯೂ ಬರಿಯ ಕವಿಸಮಯವಾಗಿ ತೋರುವುದು ಸಾಧ್ಯವಿಲ್ಲ. ಎಲೆಯನ್ನು ಮೂಸಿಯೇ ಅದರ ಹದವನ್ನು ಹೇಳಬಲ್ಲ, ರಾಮನಾಥಪುರದ ಹರಾಜಿನಲ್ಲಿ ಬೇಲ್‌ಗೆ ಎಷ್ಟು ಬಿದ್ದೀತೆಂದು ಮೊದಲೇ ಅಂದಾಜಿಸಬಲ್ಲ ಜನರ ನಡುವೆ ಆ ಹಾಡಿಗೆ ವ್ಯಾಖ್ಯಾನವೇ ಬೇಕಿಲ್ಲ.

ಈ ಪದವನ್ನು ರಘು ದೀಕ್ಷಿತರ ‘ರಘು ದೀಕ್ಷಿತ್ ಪ್ರಾಜೆಕ್ಟ್’ ತಂಡವು ಗಿಟಾರು, ಡ್ರಮ್ಮುಗಳ ಮೇಳಕ್ಕೆ ಅಳವಡಿಸಿ, 2008ರಲ್ಲಿ ವಿಶಾಲ್–ಶೇಖರ್ ಜೋಡಿಯ ಸಂಸ್ಥೆಯಿಂದ ಹೊರಬಂದ ತನ್ನ ಮೊದಲ ಆಲ್ಬಮ್ಮಿನಲ್ಲಿ ಹಿಂದೀ ಹಾಡುಗಳ ಸಾಲಿನಲ್ಲಿಯೇ ಧೈರ್ಯವಾಗಿ ಕುಳ್ಳಿರಿಸಿತು. ಮೈಸೂರಿನಲ್ಲಿ ಬೆಳೆದು, ಭರತನಾಟ್ಯವನ್ನು ಅಭ್ಯಾಸಮಾಡಿ, ಸೂಕ್ಷ್ಮಜೀವಿಶಾಸ್ತ್ರದಲ್ಲಿ ಸ್ನಾತಕೋತ್ತರ ಪದವಿಯನ್ನೂ ಪಡೆದ ಈ ಗಾಯಕರು ಲುಂಗಿಯುಟ್ಟು ಗೆಜ್ಜೆ ಕಟ್ಟಿ ವೇದಿಕೆಯೇರಿದಾಗ, ಅದನ್ನು ವೇಷವೆಂದು ಮೂಗುಮುರಿದವರೂ ಇದ್ದರು, ನಮ್ಮತನವೆಂದು ಕೊಂಡಾಡಿದವರೂ ಇದ್ದರು. 2010ರಲ್ಲಿ ಬಿ.ಬಿ.ಸಿ.ಯ ಜೂಲ್ಸ್ ಹಾಲೆಂಡ್ ಕಾರ್ಯಕ್ರಮದಲ್ಲಿ ತಂಡವು ಕಾಣಿಸಿಕೊಂಡು, ಮರುವರ್ಷ ‘ಸಾಂಗ್‌ಲೈನ್ಸ್’ ಪತ್ರಿಕೆಯು ಶ್ರೇಷ್ಠ ನವಾಗತರೆಂದು ಪುರಸ್ಕರಿಸಿದ ಮೇಲೆ ಮೂಗುಮುರಿದವರ ದನಿ ತಗ್ಗಿತು. ಸೀಮೆಯಾಚೆಯ ಮುದ್ರೆ ಬಿದ್ದಲ್ಲದೆ ನಮ್ಮ ಸರಕನ್ನು ನಾವು ನಂಬೆವು, ಅದು ಹಳೆಯ ರೋಗ.

ಮೂಲಪದದ ಕಟ್ಟೋಣವು ಸೋಜಿಗದ್ದು. ಮನಸ್ಸೇ ಸಂಚಿ, ಅದನ್ನು ಬಿಚ್ಚಿ, ಮೋಹವೆಂಬ ಭಂಗಿಯನ್ನು ಕೊಚ್ಚಿ ಚಿಲುಮೆಗೆ ತುಂಬಿ, ಬುದ್ಧಿಯ ಬೆಂಕಿಯನ್ನು ಮೇಲಿರಿಸಿ ಸೇದಿದರೆ ಒಡಲೊಳಗಿನ ರೋಗವು ಹೊರಬೀಳುವುದು. ದುಶ್ಚಟದ ಸಲಕರಣೆಯನ್ನೇ ಒಂದೊಂದಾಗಿ ಕೈಗೆತ್ತಿಕೊಂಡು ಯೋಗದ ಸಲಕರಣೆಯಾಗಿ ಮಾರ್ಪಡಿಸುವ ಈ ಚಾತುರ್ಯವು, 1819ರಲ್ಲಿ ಹುಟ್ಟಿ, ಕಳಸದ ಗೋವಿಂದ ಭಟ್ಟರನ್ನು ಗುರುವೆಂದು ನಂಬಿ, ಕಂಡದ್ದನ್ನೆಲ್ಲ ಪದವಾಗಿಸಿದ ಶರೀಫರಿಗೆ ಸಹಜಸಿದ್ಧವಾಗಿದ್ದಿತು. ಆದರೆ ಈ ಕ್ರಿಯಾಕ್ರಮಕ್ಕೆ ಬಿಡುವು ಬೇಕು. ಸಂಚಿ ಬಿಚ್ಚುವವನು ಅವಸರಪಡುವನೇ? ಒಂದು ರೂಪಕವು ಮನಸ್ಸಿನಲ್ಲಿ ನೆಲೆಗೊಂಡ ಮೇಲೆಯೇ ಮತ್ತೊಂದು ಬರತಕ್ಕದ್ದು. ಏಕತಾರಿಯ ಒಂಟಿ ಶ್ರುತಿಯೂ ದಮ್ಮಡಿಯ ಬಡಿತವೂ ಆ ಬಿಡುವನ್ನು ತಾವಾಗಿಯೇ ಕೊಡುತ್ತಿದ್ದುವು. ಸಿ. ಅಶ್ವತ್ಥರು ಶರೀಫರ ಪದಗಳನ್ನು ಮನೆಮನೆಗೆ ಮುಟ್ಟಿಸಿದಾಗಲೂ, ಶರೀಫರನ್ನೇ ಕುರಿತ ನಾಗಾಭರಣರ 1990ರ ಚಿತ್ರಕ್ಕೆ ಸಂಗೀತವನ್ನಿತ್ತಾಗಲೂ, ದನಿಯ ಅಬ್ಬರವೆಷ್ಟೇ ಇದ್ದರೂ ಮಾತಿನ ಮೇಲಣ ಒತ್ತು ತಪ್ಪಲಿಲ್ಲ.

ದೀಕ್ಷಿತರ ತಂಡದ ಮೇಲೆ ನನ್ನ ತಕರಾರು ಇರುವುದು ಇದೊಂದೇ ಎಡೆಯಲ್ಲಿ. ಗಿಟಾರನ್ನು ದೂರುವುದು ನ್ಯಾಯವಲ್ಲ. ಒಂದು ಕಾಲಕ್ಕೆ ಪಿಟೀಲೂ ಹಾರ್ಮೋನಿಯಮ್ಮೂ ಪರದೇಶಿಗಳೇ ಆಗಿದ್ದುವು. ತುಂಬುಗಂಠವೂ ನಿಸ್ಸಂಕೋಚವಾದ ಉಚ್ಚಾರಣೆಯೂ ಈ ಗಾಯಕರ ಆಸ್ತಿ, ಪಲ್ಲವಿಯನ್ನು ಅವರು ಎತ್ತಿಕೊಳ್ಳುವ ಉತ್ಸಾಹವೂ ಮೆಚ್ಚತಕ್ಕದ್ದೇ. ಆದರೆ ಆ ಪಲ್ಲವಿಯ ಹುರುಪು ಚರಣಗಳನ್ನು ನುಂಗಿಹಾಕುತ್ತದೆ: ಸಂಚಿ ಬಿಚ್ಚುವ ಮುನ್ನವೇ ಚಿಲುಮೆ ಹೊತ್ತಿರುತ್ತದೆ. ಕುಣಿಯುವ ಸಭಿಕನ ಬಾಯಲ್ಲಿ ಉಳಿಯುವುದು ‘ಸೇದಿ ನೋಡೋ’ ಎಂಬ ಆಹ್ವಾನ ಮಾತ್ರ. ಸೇದಬೇಕಾದುದು ಏನನ್ನೆಂಬ ಮುಖ್ಯವಾರ್ತೆಯು ಡ್ರಮ್ಮಿನಡಿಯಲ್ಲಿ ಉಳಿದುಹೋಗುತ್ತದೆ. ಇದನ್ನು ಅಮಲಿನ ಹಾಡೆಂದು ತಿಳಿದು ತಲೆದೂಗುವ ತರುಣರನ್ನು ನಾನು ಕಂಡಿದ್ದೇನೆ, ಅವರನ್ನು ಹಳಿಯಲಾರೆನು. ನಮ್ಮ ಕಡೆಯ ಭಜನಾಮಂಡಳಿಯ ಹಿರಿಯರೊಬ್ಬರಿಗೆ ಇದನ್ನು ಮೊಬೈಲಿನಲ್ಲಿ ಕೇಳಿಸಿದಾಗ ಅವರು ಕಣ್ಮುಚ್ಚಿ ಕಡೆಯವರೆಗೂ ತಾಳ ಹಾಕಿ, “ಹಾಡು ಕೆಟ್ಟಿಲ್ಲ ಬಿಡಿ ಸ್ವಾಮಿ, ಓಟ ಜಾಸ್ತಿ ಆಯ್ತು ಅಷ್ಟೆ” ಎಂದರು. ನಾನು ಇಷ್ಟುದ್ದ ಬರೆದುದನ್ನು ಅವರು ಒಂದುಸಿರಿನಲ್ಲಿ ಮುಗಿಸಿದರು.

ಅದೇ ಆಲ್ಬಮ್ಮಿನಲ್ಲಿ ಶರೀಫರ ಇನ್ನೊಂದು ಪದ, ‘ಸೋರುತಿಹುದು ಮನೆಯ ಮಾಳಿಗಿ’, ಇರುವುದನ್ನು ಎಷ್ಟೋ ಜನ ಗಮನಿಸಿದಂತಿಲ್ಲ. ಅಜ್ಞಾನದಿಂದ ಸೋರುವ ಆ ಮಾಳಿಗೆಯನ್ನು ಮಡಿಕೇರಿಯ ಕಡೆಯವರು ಆಷಾಢದಲ್ಲಿ ಅಕ್ಷರಶಃ ಅರ್ಥಮಾಡಿಕೊಂಡಾರು. ಮಳೆಯ ನೆರಳಿಗೆ ಸರಿದ ನಮ್ಮೂರಿನವರಿಗೆ ಅದರ ಒಳಾರ್ಥವನ್ನು ಚಿಂತಿಸಲು ಕೊಂಚ ಪುರಸೊತ್ತುಂಟು. ತಂಡದ ನಿಜವಾದ ಯೋಗ್ಯತೆಯನ್ನು ತೂಗಬೇಕೆನ್ನುವವರು ಎರಡನ್ನೂ ಒಂದರ ಬೆನ್ನಿಗೊಂದು ಹಾಕಿಕೊಂಡು ಕೇಳಲಿ, ಮೊದಲು ಮಾಳಿಗೆಯನ್ನು, ಅನಂತರ ಗುಡುಗುಡಿಯನ್ನು.