ಶನಿವಾರದ ಒಡೆಯನು ಯಾರು? ಶನಿಮಹಾತ್ಮೆಯ ಕಥೆಗೊಂದು ದೇವಶಾಸ್ತ್ರೀಯ ವಿಮರ್ಶೆ

ಪಾವಗಡದ ಶನೈಶ್ಚರ ದೇವಾಲಯಕ್ಕೆ ಶನಿವಾರಗಳಂದು, ವಿಶೇಷವಾಗಿ ಶ್ರಾವಣದಲ್ಲಿ, ಕರ್ನಾಟಕದಿಂದಲೂ ಆಂಧ್ರದಿಂದಲೂ ಜನರು ಬರುತ್ತಾರೆ. ಮಧುಗಿರಿ, ಶಿರಾ, ಕೊರಟಗೆರೆಗಳ ಸೀಮೆಯಲ್ಲಿ ಶನಿಮಹಾತ್ಮೆಯ ಕಥೆ ಮನೆಯ ಪಾರಾಯಣವೂ ಹೌದು, ‘ರಾಜಾ ವಿಕ್ರಮ’ ಎಂಬ ಹೆಸರಿನ ಇರುಳಿಡೀ ನಡೆಯುವ ಹಳ್ಳಿಯ ನಾಟಕವೂ ಹೌದು. ಈ ಸೀಮೆಯಲ್ಲಿ ಸೇವೆ ಮಾಡುವ ಸಭಾಪಾಲಕನು ಈ ಕಥೆಯನ್ನು ಅರಿಯದೆ ಕಾಲದ ವಿಷಯವಾಗಿ ಬೋಧಿಸಲಾರನು. ಅದನ್ನು ಮೂಢನಂಬಿಕೆಯೆಂದು ನಕ್ಕು ಬಿಡುವುದು ಸುಲಭ. ಆದರೆ ಕಥಾನಾಯಕನು ಮಾಡಿದ ಅಪರಾಧವೂ ಒಂದು ನಗುವೇ ಎಂಬುದನ್ನು ನಾವು ಮರೆಯಬಾರದು.

ಉಜ್ಜಯಿನಿಯ ವಿಕ್ರಮನ ಆಸ್ಥಾನದಲ್ಲಿ ನವಗ್ರಹಗಳೊಳಗೆ ಯಾರು ದೊಡ್ಡವರೆಂಬ ಚರ್ಚೆ ನಡೆಯುತ್ತದೆ. ಶನಿಯ ವಿಷಯ ಬಂದಾಗ ರಾಜನು ಹಾಸ್ಯ ಮಾಡುತ್ತಾನೆ. ಸಾಡೇಸಾತಿ ಕಾಲಿಡುತ್ತದೆ. ಮಾಯಾ ಕುದುರೆಯೊಂದು ರಾಜನನ್ನು ಪರದೇಶಕ್ಕೆ ಒಯ್ಯುತ್ತದೆ. ಅಲ್ಲಿ ವರ್ತಕನೊಬ್ಬನ ಮನೆಯಲ್ಲಿ ಗೋಡೆಯ ಚಿತ್ರದ ಹಂಸವು ಮುತ್ತಿನ ಹಾರವನ್ನು ನುಂಗುತ್ತದೆ. ಕಳ್ಳತನದ ಆರೋಪ ವಿಕ್ರಮನ ಮೇಲೆ ಬರುತ್ತದೆ. ಆ ಊರಿನ ದೊರೆ ಅವನ ಕೈಕಾಲುಗಳನ್ನು ಕಡಿಸುತ್ತಾನೆ. ಗಾಣಿಗನೊಬ್ಬನು ಅವನಿಗೆ ಆಶ್ರಯ ಕೊಡುತ್ತಾನೆ. ಏಳೂವರೆ ವರ್ಷ ತುಂಬಿದ ಮೇಲೆ ಶನಿಯು ಪ್ರತ್ಯಕ್ಷನಾಗಿ ಅಂಗಗಳನ್ನು ಮರಳಿ ಕೊಡುತ್ತಾನೆ.

ಈ ಕಥಾಲೋಕದಲ್ಲಿ ಗ್ರಹಗಳು ಕಾಲದ ಕಾವಲುಗಾರರ ಒಂದು ಗಣ. ವಾರಗಳನ್ನು ಹಂಚಿಕೊಂಡು, ಮನೆಯಿಂದ ಮನೆಗೆ ಸರದಿಯಂತೆ ನಡೆದು, ಲೋಕದ ಕ್ರಮವನ್ನು ಅವು ಕಾಯುತ್ತವೆ. ಶನೈಶ್ಚರನೆಂದರೆ ಮೆಲ್ಲಗೆ ನಡೆಯುವವನು. ಶನಿಗ್ರಹವು ಸೂರ್ಯನನ್ನು ಸುತ್ತಲು ಸುಮಾರು 29.5 ವರ್ಷ ಬೇಕು. ಹನ್ನೆರಡು ರಾಶಿಗಳಲ್ಲಿ ಒಂದೊಂದಕ್ಕೆ ಸುಮಾರು ಎರಡೂವರೆ ವರ್ಷದಂತೆ ಮೂರು ರಾಶಿಗಳಿಗೆ ಏಳೂವರೆ. ಲೆಕ್ಕ ಸ್ಪಷ್ಟವಾಗಿದೆ, ಕಥೆಯ ಸಾಂತ್ವನವೂ ಅಲ್ಲಿಯೇ ಇದೆ: ಸಂಕಟಕ್ಕೆ ಮೊದಲಿರುವಂತೆ ಕೊನೆಯೂ ಇದೆ. ಪದೇಪದೇ ಬರವನ್ನು ಕಂಡ ನಾಡಿಗೆ ಇದು ಸಣ್ಣ ಮಾತಲ್ಲ.

ಕಥೆಯ ಅತ್ಯುನ್ನತ ಘಳಿಗೆಯಾದರೋ ವರ ಕೇಳುವ ಪ್ರಸಂಗ. ವಿಕ್ರಮನು ರಾಜ್ಯವನ್ನು ಕೇಳುವುದಿಲ್ಲ. ತಾನು ಪಟ್ಟ ಪಾಡು ಇನ್ನಾರಿಗೂ ಬಾರದಿರಲಿ ಎಂದು ಬೇಡುತ್ತಾನೆ. ನೊಂದವನು ಪರರಿಗಾಗಿ ವಿಜ್ಞಾಪಿಸುವ ಈ ನಿಲುವಿನಲ್ಲಿ, ತನ್ನನ್ನು ದೂಷಿಸಿದ ಸ್ನೇಹಿತರಿಗಾಗಿ ಪ್ರಾರ್ಥಿಸಿದ ಯೋಬನ ಛಾಯೆಯನ್ನು ಕ್ರೈಸ್ತ ಓದುಗನು ಕಾಣದಿರಲಾರನು.

ಆದರೂ ಕಥೆಯ ಕೊರತೆ ಗಂಭೀರವಾದದ್ದು. ಸತ್ಯವೇದದ ಯೋಬನು ದೇವರನ್ನೇ ನ್ಯಾಯಕ್ಕೆ ಕರೆಯುತ್ತಾನೆ, ವಿಕ್ರಮನು ಕರೆಯುವುದಿಲ್ಲ. ಒಂದು ನಗುವಿಗೆ ಏಳೂವರೆ ವರ್ಷದ ದಂಡನೆ ಸರಿಯೇ ಎಂದು ಕಥೆ ಕೇಳುವುದಿಲ್ಲ. ಅದಕ್ಕಿಂತಲೂ ಮುಖ್ಯವಾದದ್ದು: ವಿಚಾರಣೆಯಿಲ್ಲದೆ ನಿರಪರಾಧಿಯ ಕೈಕಾಲು ಕಡಿಸಿದವನು ಗ್ರಹವಲ್ಲ, ಮನುಷ್ಯ. ಕೊನೆಯಲ್ಲಿ ಎಲ್ಲವೂ ಶನಿಯ ಲೀಲೆಯೆಂದಾದಾಗ ಆ ದೊರೆಯ ಅನ್ಯಾಯ ಲೆಕ್ಕಕ್ಕೇ ಬರುವುದಿಲ್ಲ. ಕಾಲದ ಕಾವಲುಗಾರನು ಮನುಷ್ಯನ ಪಾಪಕ್ಕೆ ಮರೆಯಾಗಿಬಿಡುತ್ತಾನೆ.

ಇದು ಕೇವಲ ಸಾಹಿತ್ಯದ ಪ್ರಶ್ನೆಯಲ್ಲ. ಪಾವಗಡ ಸೀಮೆಯ ಆಳವಾದ ಕೊಳವೆಬಾವಿಗಳ ನೀರಿನಲ್ಲಿ ಫ್ಲೋರೈಡ್ ಹೆಚ್ಚು. ಕುಡಿಯುವ ನೀರಿನಲ್ಲಿ ಅದು ಲೀಟರಿಗೆ 1.5 ಮಿಲಿಗ್ರಾಂ ಮೀರಬಾರದು. ಬಹುಕಾಲ ಮೀರಿದರೆ ಹಲ್ಲು ಕರೆಗಟ್ಟುತ್ತದೆ, ಕೀಲುಗಳು ಬಿಗಿಯುತ್ತವೆ, ಬೆನ್ನು ಬಾಗುತ್ತದೆ. ಕೈಕಾಲು ಸ್ವಾಧೀನ ತಪ್ಪಿದ ವಿಕ್ರಮರು ಇಲ್ಲಿ ನಿಜವಾಗಿಯೂ ಇದ್ದಾರೆ. ಅವರ ಸಂಕಟವನ್ನು ಗ್ರಹಚಾರವೆಂದು ಕರೆದರೆ ನೀರಿನ ಮಾತು ಅಲ್ಲಿಗೇ ನಿಲ್ಲುತ್ತದೆ. ನಾವು ಅದನ್ನೇ ದೇವರ ಚಿತ್ತವೆಂದು ಕರೆದರೂ ನಿಲ್ಲುತ್ತದೆ. ಆಗ ಹೆಸರು ಮಾತ್ರ ಬದಲಾಯಿತು, ಉಪದೇಶ ಬದಲಾಗಲಿಲ್ಲ.

ಆದಿಕಾಂಡದ ಮೊದಲ ಅಧ್ಯಾಯವು ಸೂರ್ಯಚಂದ್ರರ ಹೆಸರನ್ನೂ ಹೇಳದೆ ಅವನ್ನು ಬರೀ ಬೆಳಕುಗಳೆಂದು ಕರೆದು, ದಿನ ಋತುಗಳನ್ನು ತೋರಿಸುವ ಸೇವೆಗೆ ನೇಮಿಸುತ್ತದೆ. ಅವು ಕಾಲವನ್ನು ತೋರಿಸುತ್ತವೆ, ಆಳುವ ದೇವರುಗಳಲ್ಲ. ದಿನ, ಮಾಸ, ಸಂವತ್ಸರಗಳ ಆಚರಣೆಗೆ ಮರಳುತ್ತಿದ್ದ ಗಲಾತ್ಯದವರಿಗೆ ಪೌಲನು ಬರೆದಾಗ, ನಮ್ಮ ಭಾಷಾಂತರಕಾರರು ಲೋಕದ ಆ ಮೂಲತತ್ತ್ವಗಳಿಗೆ ‘ಬಾಲಬೋಧೆ’ ಎಂಬ ಪದವನ್ನು ಆರಿಸಿಕೊಂಡರು. ಬಾಲಬೋಧೆಯನ್ನು ಯಾರೂ ಹಾಸ್ಯ ಮಾಡಬೇಕಾಗಿಲ್ಲ. ಅಲ್ಲಿಯೇ ಉಳಿಯಬೇಕಾಗಿಯೂ ಇಲ್ಲ. ಆದರೆ ಮದುವೆಯ ದಿನವನ್ನು ಗೊತ್ತುಮಾಡುವ ಮುನ್ನ ಗುಟ್ಟಾಗಿ ರಾಹುಕಾಲವನ್ನು ನೋಡುವ ಮನೆಗಳು ನಮ್ಮ ಸಭೆಗಳಲ್ಲಿಯೂ ಇವೆ. ಅವರನ್ನು ಗದರಿಸುವುದಕ್ಕೆ ಮೊದಲು, ಅವರ ಭಯಕ್ಕೆ ನಾವು ಯಾವ ಉತ್ತರ ಕೊಟ್ಟಿದ್ದೇವೆಂದು ಕೇಳಿಕೊಳ್ಳಬೇಕು.

ಉತ್ತರವು ಅದೇ ಶನಿವಾರದಲ್ಲಿದೆ. ಇಸ್ರಾಯೇಲರ ಸಬ್ಬತ್ತು ಶನಿವಾರವೇ. ಹೀಬ್ರೂ ಭಾಷೆಯಲ್ಲಿ ಶನಿಗ್ರಹಕ್ಕೆ ‘ಶಬ್ಬತೈ’ ಎಂದೇ ಹೆಸರು. ಧರ್ಮೋಪದೇಶಕಾಂಡವು ಆ ದಿನವನ್ನು ಐಗುಪ್ತದ ದಾಸತ್ವದಿಂದಾದ ಬಿಡುಗಡೆಗೆ ಜೋಡಿಸಿ, ಆಳಿಗೂ ಎತ್ತಿಗೂ ವಿಶ್ರಾಂತಿಯನ್ನು ವಿಧಿಸುತ್ತದೆ. ಹುಟ್ಟುಕುರುಡನನ್ನು ಕಂಡು ಯಾರ ಪಾಪದಿಂದ ಹೀಗಾಯಿತೆಂದು ಶಿಷ್ಯರು ಕೇಳಿದಾಗ, ಯೇಸು ಆ ಲೆಕ್ಕವನ್ನೇ ನಿರಾಕರಿಸಿ ಅವನಿಗೆ ಕಣ್ಣು ಕೊಟ್ಟನು. ಅದೂ ಸಬ್ಬತ್ ದಿನವೇ. ಕಡೆಗೆ ಆತನು ಸಮಾಧಿಯಲ್ಲಿ ಮಲಗಿದ್ದದ್ದೂ ಒಂದು ಶನಿವಾರ. ಕಾಲದ ಒಡೆಯನು ಹೊರಗೆ ನಿಂತು ದಿನಗಳನ್ನು ಎಣಿಸಲಿಲ್ಲ, ಅತ್ಯಂತ ನಿಧಾನವಾದ ದಿನದೊಳಗೆ ತಾನೇ ಇಳಿದನು.

ವಿಕ್ರಮನ ಕಥೆ ನಮಗೆ ಮೂರನ್ನು ಕಲಿಸಬಲ್ಲದು: ನಗಬಾರದು, ಗಾಣಿಗನಂತೆ ಬಾಗಿಲು ತೆರೆಯಬೇಕು, ನೊಂದಾಗ ಪರರಿಗಾಗಿ ಬೇಡಬೇಕು. ಅದು ಕಲಿಸದೆ ಬಿಟ್ಟದ್ದನ್ನು ಸುವಾರ್ತೆ ಸೇರಿಸುತ್ತದೆ: ಏಳೂವರೆ ವರ್ಷ ಮುಗಿಯಲೆಂದು ಕಾಯದೆ, ಈ ಶನಿವಾರವೇ ಬಾಗಿದ ಬೆನ್ನಿನವನ ಮನೆಗೆ ಹೋಗಿ ಅವನು ಯಾವ ನೀರನ್ನು ಕುಡಿಯುತ್ತಿದ್ದಾನೆಂದು ವಿಚಾರಿಸಬೇಕು.