ಗುರುತಿನ ಚೀಟಿಯೂ ಮನುಷ್ಯನ ಹೊಣೆಯೂ

1994ರ ಏಪ್ರಿಲ್‌ನಿಂದ ಜುಲೈವರೆಗಿನ ಸುಮಾರು ನೂರು ದಿನಗಳಲ್ಲಿ ಆಫ್ರಿಕದ ರುವಾಂಡ ದೇಶದಲ್ಲಿ ಲಕ್ಷಾಂತರ ಟುಟ್ಸಿ ಜನರೂ, ಆ ಹಿಂಸೆಯನ್ನು ಒಪ್ಪದ ಅನೇಕ ಹುಟುಗಳೂ ಹತರಾದರು. ಕೊಂದವರಲ್ಲಿ ಸೈನಿಕರಷ್ಟೇ ಅಲ್ಲದೆ ನೆರೆಮನೆಯವರೂ ಇದ್ದರು. ಒಂದೇ ಭಾಷೆಯನ್ನಾಡುತ್ತ, ಒಂದೇ ಬೆಟ್ಟದ ಇಳಿಜಾರಿನಲ್ಲಿ ಬೇಸಾಯ ಮಾಡಿಕೊಂಡಿದ್ದ ಜನರು ಈ ಸ್ಥಿತಿಗೆ ಬಂದುದು ಹೇಗೆ? ಮಹಮೂದ್ ಮಮ್ದಾನಿಯವರು 2001ರಲ್ಲಿ ಪ್ರಕಟವಾದ ‘ವೆನ್ ವಿಕ್ಟಿಮ್ಸ್ ಬಿಕಮ್ ಕಿಲ್ಲರ್ಸ್’ ಗ್ರಂಥದಲ್ಲಿ ಈ ಪ್ರಶ್ನೆಯನ್ನು ಎದುರಿಸಿದ್ದಾರೆ.

ಅವರ ವಾದದ ತಿರುಳು ಇದು. ಹುಟು, ಟುಟ್ಸಿ ಎಂಬ ಹೆಸರುಗಳು ಮೊದಲೇ ಇದ್ದವು. ಆದರೆ ದನಕರುಗಳ ಸಂಪತ್ತನ್ನು ಗಳಿಸಿದ ಹುಟು ಕುಟುಂಬವು ಕಾಲಕ್ರಮದಲ್ಲಿ ಟುಟ್ಸಿ ಎನಿಸಿಕೊಳ್ಳುವುದಕ್ಕೆ ಅವಕಾಶವಿತ್ತು. 1930ರ ದಶಕದಲ್ಲಿ ಬೆಲ್ಜಿಯಂ ಆಡಳಿತವು ಜನಗಣತಿ ನಡೆಸಿ, ಗುರುತಿನ ಚೀಟಿಯ ಮೇಲೆ ಈ ಹೆಸರುಗಳನ್ನು ಬರೆಸಿದಾಗ ಆ ಹಾದಿ ಮುಚ್ಚಿತು. ಟುಟ್ಸಿಗಳು ಹೊರಗಿನಿಂದ ಬಂದ ಶ್ರೇಷ್ಠ ಜನಾಂಗವೆಂಬ ಕಲ್ಪನೆಯನ್ನು ಆಡಳಿತವೂ ಚರ್ಚೂ ಪೋಷಿಸಿದವು. ಅಧಿಕಾರದ ಸ್ಥಾನಗಳು ಬಹುಮಟ್ಟಿಗೆ ಅವರ ಪಾಲಾದವು. 1962ರಲ್ಲಿ ಸ್ವಾತಂತ್ರ್ಯ ಬರುವ ವೇಳೆಗೆ ಅಧಿಕಾರವು ಹುಟು ನಾಯಕರ ಕೈಸೇರಿದ್ದರೂ ಚೀಟಿ ಮಾತ್ರ ಹಾಗೆಯೇ ಉಳಿಯಿತು. ಒಮ್ಮೆ ಹಿರಿಮೆಗೆ ಆಧಾರವಾಗಿದ್ದ ‘ಹೊರಗಿನವರು’ ಎಂಬ ಮಾತೇ ಟುಟ್ಸಿಗಳಿಗೆ ಮುಳುವಾಯಿತು. 1994ರಲ್ಲಿ ರಸ್ತೆತಡೆಗಳಲ್ಲಿ ಕೊಲೆಗಡುಕರು ಕೇಳಿದುದು ಆ ಚೀಟಿಯನ್ನೇ.

ಆಡಳಿತದ ಒಂದು ಕ್ರಮವು ಎರಡು ತಲೆಮಾರುಗಳ ಮನಸ್ಸನ್ನು ರೂಪಿಸಿದ ಬಗೆಯನ್ನು ತೋರಿಸಿರುವುದು ಈ ಗ್ರಂಥದ ಸಾಧನೆ. ಆದರೂ ಎರಡು ಮಾತುಗಳನ್ನು ಹೇಳಬೇಕು. 1895ರಲ್ಲಿ ತೀರಿಕೊಂಡ ರ್ವಾಬುಗಿರಿ ರಾಜನ ಕಾಲದಲ್ಲಿಯೇ ಬಿಟ್ಟಿದುಡಿಮೆಯ ಭಾರ ಹುಟು ರೈತರ ಮೇಲೆ ಬಿದ್ದು ಬಿರುಕು ಮೂಡಿತ್ತು. ಮಮ್ದಾನಿಯವರು ಇದನ್ನು ಬಲ್ಲರು. ಆದರೆ ಅವರ ವಾದದ ಭಾರವೆಲ್ಲ ವಸಾಹತುಶಾಹಿಯ ಮೇಲೆಯೇ ಬೀಳುತ್ತದೆ. ಎರಡನೆಯದು ಇನ್ನೂ ಮುಖ್ಯವಾದುದು. ಹುಟು ಎಂಬ ಚೀಟಿಯನ್ನು ಹೊಂದಿದ್ದವರಲ್ಲಿಯೇ ಕೆಲವರು ಪ್ರಾಣವನ್ನು ಪಣವಾಗಿಟ್ಟು ನೆರೆಯವರನ್ನು ಮನೆಯೊಳಗೆ ಅಡಗಿಸಿ ಕಾಪಾಡಿದರು. ಅವರು ಕಲಿತ ಪಾಠವೂ ಕೊಂದವರು ಕಲಿತ ಪಾಠವೂ ಒಂದೇ ಆಗಿತ್ತು. ಆದ್ದರಿಂದ ಚರಿತ್ರೆಯು ಕೃತ್ಯಕ್ಕೆ ಕಾರಣವನ್ನು ತಿಳಿಸಬಲ್ಲುದೇ ಹೊರತು ಕರ್ತೃವಿನ ಹೊಣೆಯನ್ನು ಇಳಿಸಲಾರದು.

ಹತ್ಯಾಕಾಂಡದ ಅನಂತರ ಆ ನಮೂದನ್ನು ರುವಾಂಡದ ಚೀಟಿಗಳಿಂದ ತೆಗೆದುಹಾಕಲಾಯಿತು. ಕಾಗದದಿಂದ ಅಳಿದುದು ಮನಸ್ಸಿನಿಂದ ಅಳಿಯಲು ಹೆಚ್ಚು ಕಾಲ ಬೇಕು. ಜನರನ್ನು ಪಟ್ಟಿಮಾಡುವ, ತಮ್ಮವರು ಹೊರಗಿನವರು ಎಂದು ವಿಂಗಡಿಸುವ ಅಧಿಕಾರವುಳ್ಳ ಪ್ರತಿಯೊಬ್ಬರೂ ಈ ಗ್ರಂಥವನ್ನು ಓದುವುದು ಒಳಿತು.