ಸಣ್ಣ ಕಾರ್ಡಿನಲ್ಲಿ ದೊಡ್ಡ ಆಟ

ಬೈಲಹೊಂಗಲ, ಸವದತ್ತಿ ಕಡೆಯ ಬಸ್ಸುಗಳಲ್ಲಿ ಹಳೇ ಫೋನಿನ ಮೇಲೆ ಸೋನಿಯ ಕೈಯಾಟದ ಯಂತ್ರ ಪಿಎಸ್‌ಪಿಯ ಆಟ ಆಡುವ ಹುಡುಗರನ್ನು ಕಂಡರೆ, ಆಟಕ್ಕಿಂತ ಅದನ್ನು ಅಷ್ಟು ಜಾಗದಲ್ಲಿ ಅಡಕಿದ ಜಾಣ್ಮೆಯೇ ನನಗೆ ಸೋಜಿಗ. ಪಿಎಸ್‌ಪಿ ಡಿಸ್ಕು 1.8 ಜಿಬಿವರೆಗೆ ಹಿಡಿಯುತ್ತಿತ್ತು. ಅದನ್ನು ಸಿಎಸ್‌ಒ ಎಂಬ ಒತ್ತಿದ ಕಡತ ಮಾಡುವಾಗ ಸಾಮಾನ್ಯವಾಗಿ 2,048 ಬೈಟಿನ ತುಣುಕುಗಳಾಗಿ ಸೀಳಿ, ಒಂದೊಂದನ್ನೂ ಬೇರೆಬೇರೆ ಒತ್ತಿ, ಯಾವುದು ಎಲ್ಲಿದೆ ಎಂಬ ಪಟ್ಟಿಯನ್ನು ಮೊದಲಿಗೇ ಇಡುತ್ತಾರೆ. ಎಲ್ಲಮ್ಮನ ಗುಡ್ಡಕ್ಕೆ ಕಟ್ಟಿದ ಬುತ್ತಿಯ ಹಾಗೆ, ಬೇಕಾದ ಗಂಟನ್ನಷ್ಟೇ ಬಿಚ್ಚಿದರಾಯಿತು. ಈ ಆಟಗಳನ್ನು ಫೋನಿನಲ್ಲಿ ನಡೆಸುವ ಪಿಪಿಎಸ್‌ಎಸ್‌ಪಿಪಿ ಆ್ಯಪ್ ಆ ಕೆಲಸವನ್ನು ಆಟದ ನಡುವೆಯೇ ಮಾಡುತ್ತದೆ. ಬೆರಳಿಗೆ ತಡವೇ ತಿಳಿಯದು.

ಇನ್ನು 1985ರ ಸೂಪರ್ ಮಾರಿಯೊ ಬ್ರದರ್ಸ್ ಇಡಿಯಾಗಿ ಬರೀ 40 ಕೆಬಿ! ಜಾಗ ಉಳಿಸಲು ಅದರ ಮೋಡಕ್ಕೂ ಪೊದೆಗೂ ಚಿತ್ರ ಒಂದೇ, ಬಣ್ಣ ಮಾತ್ರ ಬೇರೆ. ಮುಂದೆ ಆಡುವಾಗ ಅದನ್ನೊಮ್ಮೆ ಗಮನಿಸಿ.